ತೋರಿಸುವ ದಿನವನ್ನು ಮೊದಲು ಬರೆದಿಡು

ಚಿ. ಮೇಧಾಳಿಗೆ ನಿನ್ನ ಅತ್ತೆಯ ಆಶೀರ್ವಾದಗಳು.

ಇಲ್ಲಿ ಎಲ್ಲರೂ ಕ್ಷೇಮ. ಧಾರವಾಡದ ಕಾಲೇಜಿನಲ್ಲಿ ನಿನಗೆ ಪಾಠ ಹೇಳುವ ಕೆಲಸ ಸಿಕ್ಕಿದ್ದು, ಅದರ ಜೊತೆಗೇ ಯಲ್ಲಾಪುರದ ಕಡೆಯ, ಆಫ್ರಿಕಾ ಮೂಲದ ಸಿದ್ದಿ ಕುಟುಂಬವೊಂದರ ಮೇಲೆ ಸಾಕ್ಷ್ಯಚಿತ್ರ ಮಾಡಲು ಹೊರಟಿರುವುದು, ಎರಡೂ ಅಣ್ಣನಿಂದ ತಿಳಿದು ಸಂತೋಷವಾಯಿತು. ನೀನು ಕಳಿಸಿದ ಯೋಜನೆಯನ್ನು ಓದಿದೆ. ಚಿತ್ರೀಕರಣಕ್ಕೆ ಎಷ್ಟು ದಿನ, ಎಡಿಟಿಂಗ್‌ಗೆ ಎಷ್ಟು ವಾರ, ಫೆಸ್ಟಿವಲ್‌ಗೆ ಕಳಿಸುವ ಕೊನೆಯ ದಿನಾಂಕ ಯಾವುದು, ಎಲ್ಲವೂ ಇದೆ. ಒಂದು ಮಾತ್ರ ಇಲ್ಲ: ತೆಗೆದದ್ದನ್ನು ಆ ಮನೆಯವರಿಗೆ ತೋರಿಸಿ, ಅವರು ಹೇಳುವುದನ್ನು ಕೇಳುವ ದಿನ. ನಿನ್ನ ಪಾಠದ ಪಟ್ಟಿಯಲ್ಲೂ ಹಾಗೆಯೇ. ವಿದ್ಯಾರ್ಥಿಗಳು ಚಿತ್ರ ಒಪ್ಪಿಸುವ ದಿನ ಇದೆ, ಒಪ್ಪಿಸಿದ ಮೇಲೆ ತಿದ್ದಲು ವಾರವಿಲ್ಲ.

ಆದ್ದರಿಂದ ಕ್ಯಾಲೆಂಡರಿನಲ್ಲಿ ಮೊದಲು ತೋರಿಸುವ ದಿನ ಬರೆ, ಅಲ್ಲಿಂದ ಹಿಂದಕ್ಕೆ ಎಣಿಸುತ್ತ ಬಾ. ಒಂದು ಗಂಟೆಯ ಚಿತ್ರವನ್ನು ಮೂರು ಸಲವಾದರೂ ತೋರಿಸಬೇಕು. ಮೊದಲ ಸಲ ಚಿತ್ರೀಕರಣದ ನಡುವೆಯೇ, ಕತ್ತರಿಸದ ತುಣುಕುಗಳನ್ನು; ಅರ್ಧ ಗಂಟೆಯಷ್ಟಿದ್ದರೆ ಸಾಕು. ಎರಡನೆಯ ಸಲ ರಫ್ ಕಟ್, ಅಂದರೆ ಮೊದಲ ಒರಟು ಜೋಡಣೆ, ಆದಾಗ. ಎಡಿಟಿಂಗ್ ಹಣದಲ್ಲಿ ಮೂರನೇ ಒಂದು ಪಾಲಾದರೂ ಆ ಹೊತ್ತಿಗೆ ಕೈಯಲ್ಲಿ ಉಳಿದಿರಬೇಕು, ಇಲ್ಲದಿದ್ದರೆ ಅವರು ಹೇಳಿದ್ದನ್ನು ಕೇಳಿಸಿಕೊಂಡು ತಲೆಯಾಡಿಸಿ ಬರಬಹುದು ಅಷ್ಟೆ. ಮೂರನೆಯದು ಬಣ್ಣ, ಧ್ವನಿಯ ಕೊನೆಯ ಕೆಲಸಕ್ಕೆ ಮುಂಚೆ. ಬಹಳ ಮಂದಿ ಎಲ್ಲ ಮುಗಿದ ಮೇಲೆ ಊರಿನಲ್ಲಿ ಒಂದು ಪ್ರದರ್ಶನವಿಟ್ಟು ಶಾಲು ಹೊದಿಸಿಕೊಂಡು ಬರುತ್ತಾರೆ. ಆಗ ಯಾರಾದರೂ ತಪ್ಪು ತೋರಿಸಿದರೂ ತಿದ್ದಲು ದಾರಿಯಿರುವುದಿಲ್ಲ.

ಇದೇನೂ ಹೊಸ ಮಾತಲ್ಲ. ಫ್ರಾನ್ಸಿನ ಜೀನ್ ರೂಶ್ ನೈಜರ್ ನದಿಯ ದಡದ ಬೇಟೆಗಾರರು ನೀರಾನೆ ಹಿಡಿಯುವ ಚಿತ್ರ ತೆಗೆದು, ಮರಳಿ ಅದೇ ಊರಿಗೆ ಹೋಗಿ ತೋರಿಸಿದ. ಬೇಟೆಯ ದೃಶ್ಯಕ್ಕೆ ಬೇಟೆಗಾರರದ್ದೇ ಹಾಡನ್ನು ಹಿನ್ನೆಲೆಯಲ್ಲಿ ಹಾಕಿದ್ದ. ಅವರು ಅದನ್ನು ತೆಗೆ ಎಂದರು. ನೀರಾನೆಯ ಕಿವಿ ಬಲು ಚುರುಕು, ಸದ್ದಾದರೆ ಪ್ರಾಣಿ ಓಡಿಹೋಗುತ್ತದೆ, ಬೇಟೆಯ ಹೊತ್ತಿನಲ್ಲಿ ಯಾರೂ ಹಾಡುವುದಿಲ್ಲ ಎಂಬುದು ಅವರ ಆಕ್ಷೇಪ. ಪ್ಯಾರಿಸ್ಸಿನಲ್ಲಿ ನೋಡಿದ ಯಾರಿಗೂ ಹೊಳೆಯದ ಮಾತು ಅದು. 1967ರಲ್ಲಿ ಕೆನಡಾದ ನ್ಯಾಷನಲ್ ಫಿಲ್ಮ್ ಬೋರ್ಡಿನ ಕಾಲಿನ್ ಲೋ ಫೋಗೋ ದ್ವೀಪದ ಮೀನುಗಾರರ ನಡುವೆ 27 ಸಣ್ಣ ಚಿತ್ರ ಮಾಡಿದಾಗಲೂ, ಮಾತಾಡಿದವರು ನೋಡಿ ಒಪ್ಪಿದ ಮೇಲೆಯೇ ಬೇರೆ ಹಳ್ಳಿಯವರಿಗೆ, ಸರ್ಕಾರದವರಿಗೆ ತೋರಿಸುವ ಕಟ್ಟುಪಾಡು ಇತ್ತು. ದ್ವೀಪದವರನ್ನು ಎಬ್ಬಿಸಿ ಬೇರೆ ಕಡೆ ಕೂರಿಸುವ ಮಾತು ನಡೆದಿದ್ದ ಕಾಲ. ಒಂದು ಹಳ್ಳಿಯವರು ಹೇಳಿದ್ದನ್ನು ಇನ್ನೊಂದು ಹಳ್ಳಿಯವರು ಪರದೆಯ ಮೇಲೆ ಕೇಳಿದ ಮೇಲೆ ದ್ವೀಪದ ಮಂದಿ ಒಟ್ಟಾಗಿ ಮಾತಾಡತೊಡಗಿದರು. ಅಲ್ಲಿ ಚಿತ್ರಗಳಷ್ಟೇ ಕೆಲಸವನ್ನು ಆ ಪ್ರದರ್ಶನಗಳೂ ಮಾಡಿದವು.

ತೋರಿಸುವುದರಲ್ಲೂ ಒಂದಿಷ್ಟು ಉಪಾಯ ಬೇಕು. ಪ್ರೊಜೆಕ್ಟರು, ಬಿಳಿ ಬೆಡ್‌ಶೀಟು, ಬ್ಯಾಟರಿ ಬ್ಯಾಕಪ್ಪು, ಒಂದು ಒಳ್ಳೆ ಸ್ಪೀಕರು ನಿನ್ನ ಜೊತೆಗೇ ಇರಲಿ. ಆ ಕಡೆ ಗಾಳಿಮಳೆಗೆ ಕರೆಂಟು ಹೋದರೆ ಯಾವಾಗ ಬರುತ್ತದೆಂದು ಹೇಳಲಾಗುವುದಿಲ್ಲ. ಲ್ಯಾಪ್‌ಟಾಪಿನ ಸ್ಪೀಕರಿನಲ್ಲಿ ಕೇಳಿಸಬೇಡ, ಮುದುಕರಿಗೆ ಮಾತೇ ತಿಳಿಯುವುದಿಲ್ಲ, ಸಂಕೋಚಕ್ಕೆ ‘ಚಲೋ ಆಗೇದ’ ಅಂದುಬಿಡುತ್ತಾರೆ. ಎಲ್ಲರನ್ನೂ ಒಟ್ಟಿಗೆ ಕೂರಿಸಿದರೆ ಗಂಡಸರಿಬ್ಬರೇ ಮಾತಾಡುತ್ತಾರೆ, ಆದ್ದರಿಂದ ಹೆಂಗಸರಿಗೆ ಬೇರೆಯಾಗಿ ಇನ್ನೊಮ್ಮೆ ತೋರಿಸು. ‘ಹೇಗಿದೆ’ ಎಂದು ಕೇಳಬೇಡ, ಆ ಪ್ರಶ್ನೆಗೆ ಯಾರೂ ನಿಜ ಹೇಳುವುದಿಲ್ಲ. ಒಂದು ದೃಶ್ಯ ನಿಲ್ಲಿಸಿ, ‘ಇಲ್ಲಿ ಏನು ನಡೆಯುತ್ತಿದೆ? ಇದಕ್ಕೆ ಮುಂಚೆ ಏನಾಗಿತ್ತು? ಇದನ್ನು ನಿಮ್ಮ ಊರಿನವರಲ್ಲದವರು ನೋಡಿದರೆ ಏನು ತಿಳಿದಾರು?’ ಎಂದು ಕೇಳು. ಅವರ ಉತ್ತರವನ್ನು ಅನುಮತಿ ಪಡೆದು ರೆಕಾರ್ಡ್ ಮಾಡಿಕೋ. ಎಷ್ಟೋ ಸಲ ನೀನು ನಿರೂಪಣೆಯಲ್ಲಿ ಹೇಳಿಸಬೇಕೆಂದುಕೊಂಡದ್ದು ಅಲ್ಲಿ ಅವರ ಬಾಯಲ್ಲೇ ಸಿಕ್ಕಿಬಿಡುತ್ತದೆ.

ಈಗ ನಿನ್ನ ವಿಷಯಕ್ಕೆ ಬರುತ್ತೇನೆ. ಸಿದ್ದಿಗಳ ಬಳಿಗೆ ಕ್ಯಾಮೆರಾ ಹಿಡಿದು ಹೋಗುತ್ತಿರುವವರಲ್ಲಿ ನೀನು ಮೊದಲನೆಯವಳಲ್ಲ. ಬಂದವರು ಬಹುಪಾಲು ಮೂರು ವಸ್ತು ಹುಡುಕಿಕೊಂಡು ಬಂದಿದ್ದಾರೆ: ಡಮಾಮಿ ಕುಣಿತ, ಓಟದ ಹುಡುಗರು, ‘ಭಾರತದೊಳಗೊಂದು ಆಫ್ರಿಕಾ’ ಎಂಬ ತಲೆಬರಹ. ಪೋರ್ಚುಗೀಸರ ಕಾಲದ ಗುಲಾಮಗಿರಿಯ ಇತಿಹಾಸ ಸುಳ್ಳಲ್ಲ, ಹೇಳಲೂ ಬೇಕು. ಆದರೆ ಆ ಮನೆಯವರು ದಿನ ಬೆಳಗಾದರೆ ಎದುರಿಸುವುದು ಜಮೀನಿನ ಹಕ್ಕು, ಅಡಿಕೆ ತೋಟದ ಕೂಲಿ, ಮಕ್ಕಳ ಹಾಸ್ಟೆಲು, ಜಾತಿ ಪ್ರಮಾಣಪತ್ರ. ಉತ್ತರ ಕನ್ನಡದ ಸಿದ್ದಿಗಳು ಪರಿಶಿಷ್ಟ ಪಂಗಡದ ಪಟ್ಟಿಗೆ ಸೇರಿದ್ದು 2003ರಲ್ಲಿ. ಶಾಂತಾರಾಮ ಸಿದ್ದಿಯವರು ವಿಧಾನ ಪರಿಷತ್ತಿಗೆ ಹೋದದ್ದು 2020ರಲ್ಲಿ. ಈ ಎರಡು ವರ್ಷಗಳ ನಡುವೆ ಒಂದು ಮನೆಯಲ್ಲಿ ಏನೇನು ಬದಲಾಯಿತು ಎಂದು ಕೇಳಿದರೂ ಕುಣಿತಕ್ಕಿಂತ ಹೆಚ್ಚು ಕಥೆ ಸಿಗುತ್ತದೆ. ಕುಣಿತವನ್ನು ತೆಗೆಯಬೇಡ ಎನ್ನುತ್ತಿಲ್ಲ. ಅವರು ತಮ್ಮ ಹಬ್ಬಕ್ಕೆ ಕುಣಿದಾಗ ತೆಗೆ. ನಿನಗಾಗಿ ಮಧ್ಯಾಹ್ನ ಎರಡು ಗಂಟೆಗೆ ಅಂಗಳದಲ್ಲಿ ಕುಣಿಸಬೇಡ.

ಎಲ್ಲ ಸಿದ್ದಿಗಳನ್ನೂ ಒಂದೇ ಬುಟ್ಟಿಗೆ ಹಾಕುವುದು ಎರಡನೆಯ ತಪ್ಪು. ಅವರಲ್ಲಿ ಹಿಂದೂಗಳಿದ್ದಾರೆ, ಮುಸ್ಲಿಮರಿದ್ದಾರೆ, ಕ್ರೈಸ್ತರಿದ್ದಾರೆ. ಮನೆಮಾತು ಹಲವೆಡೆ ಕೊಂಕಣಿಯ ಒಂದು ಬಗೆ, ಹಳಿಯಾಳದ ಕಡೆಯ ಮುಸ್ಲಿಂ ಮನೆಗಳಲ್ಲಿ ಉರ್ದು. ನಿನ್ನೊಡನೆ ಎಲ್ಲರೂ ಕನ್ನಡದಲ್ಲೇ ಮಾತಾಡುತ್ತಾರೆ, ಅದರಿಂದಲೇ ನಿನಗೆ ಮೋಸವಾಗುವುದು. ಹೊರಗಿನವರೊಡನೆ ಆಡುವ ಕನ್ನಡದಲ್ಲಿ ಅವರು ಸಭೆಯಲ್ಲಿ ನಿಂತಂತೆ ಚುಟುಕಾಗಿ, ಮರ್ಯಾದೆಯಿಂದ ಮಾತಾಡುತ್ತಾರೆ. ತಮ್ಮತಮ್ಮಲ್ಲಿ ಮನೆಮಾತಿನಲ್ಲಿ ಆಡುವಾಗ ಬರುವ ತಮಾಷೆ, ಸಿಟ್ಟು, ಗೊಣಗಾಟ ಅದರಲ್ಲಿರುವುದಿಲ್ಲ. ಆದ್ದರಿಂದ ಸಂದರ್ಶನವನ್ನು ಮನೆಮಾತಿನಲ್ಲೇ ಮಾಡಿಸು. ಪ್ರಶ್ನೆ ಕೇಳುವವರು ಅದೇ ಸಮುದಾಯದ ಹುಡುಗಿಯೋ ಹುಡುಗನೋ ಆಗಿರಲಿ. ಆ ವ್ಯಕ್ತಿಗೆ ‘ಸ್ಥಳೀಯ ಸಹಾಯಕ’ ಎಂದು ಕೊನೆಯಲ್ಲಿ ಸಣ್ಣ ಅಕ್ಷರದ ಕೃತಜ್ಞತೆ ಸಾಲದು. ಸಹನಿರ್ದೇಶನದ ಹೆಸರು ಕೊಡು, ದಿನಗೂಲಿಯ ಬದಲು ತಂಡದವರಿಗೆ ಕೊಡುವ ಸಂಬಳವನ್ನೇ ಕೊಡು.

ದುಡ್ಡಿನ ವಿಷಯ ಮೊದಲ ದಿನವೇ ಬಾಯಿಬಿಟ್ಟು ಹೇಳು. ಮಾತಾಡಿದ್ದಕ್ಕೆ ದುಡ್ಡು ಕೊಟ್ಟರೆ ನಿನಗೆ ಬೇಕಾದ ಮಾತು ಬರತೊಡಗುತ್ತದೆ. ಏನೂ ಕೊಡದೆ ಕೂರಿಸಿಕೊಂಡರೆ ಅವರ ಒಂದು ದಿನದ ಕೂಲಿ ಹೋಗುತ್ತದೆ. ನಡುವಿನ ದಾರಿಯೆಂದರೆ ತಪ್ಪಿಹೋದ ಕೂಲಿಯನ್ನು ಆ ಊರಿನ ದರದಲ್ಲಿ, ಎಲ್ಲ ಮನೆಗೂ ಒಂದೇ ಲೆಕ್ಕದಲ್ಲಿ ಕೊಡುವುದು. ನವೆಂಬರಿನಿಂದ ಫೆಬ್ರವರಿಯವರೆಗೆ ಅಡಿಕೆ ಕೊಯ್ಲು, ಸುಲಿಯುವ ಕೆಲಸ ಇರುತ್ತದೆ. ಆ ತಿಂಗಳುಗಳಲ್ಲಿ ಹಗಲು ಸಂದರ್ಶನ ಇಟ್ಟುಕೊಳ್ಳಬೇಡ. ಕೆಲಸವನ್ನೇ ತೆಗೆ, ಮಾತು ರಾತ್ರಿ ಊಟವಾದ ಮೇಲೆ.

ಒಪ್ಪಿಗೆ ಪತ್ರವನ್ನು ವಕೀಲರ ಇಂಗ್ಲಿಷಿನಿಂದ ಅನುವಾದಿಸಬೇಡ. ಕನ್ನಡದಲ್ಲಿ ಒಂದೇ ಪುಟ ಸಾಕು: ಚಿತ್ರ ಯಾವುದರ ಬಗ್ಗೆ, ಎಲ್ಲೆಲ್ಲಿ ತೋರಿಸುತ್ತೇವೆ, ಇಂಟರ್ನೆಟ್ಟಿಗೆ ಹಾಕುತ್ತೇವೆಯೇ, ದುಡ್ಡು ಬಂದರೆ ಏನು ಮಾಡುತ್ತೇವೆ, ಯಾವ ದಿನದವರೆಗೆ ‘ಬೇಡ’ ಎನ್ನಬಹುದು. ಕೊನೆಯದು ಬಹಳ ಮುಖ್ಯ, ಆ ದಿನಾಂಕ ರಫ್ ಕಟ್ ತೋರಿಸಿ ಹದಿನೈದು ದಿನವಾದ ಮೇಲಿರಲಿ. ಓದಲು ಬಾರದವರಿಗೆ ಕ್ಯಾಮೆರಾದ ಎದುರಿಗೇ ಪೂರ್ತಿ ಓದಿ ಹೇಳಿ, ಅವರ ಉತ್ತರವನ್ನು ದಿನಾಂಕ, ಊರಿನ ಹೆಸರಿನ ಸಮೇತ ರೆಕಾರ್ಡ್ ಮಾಡು. ಮಕ್ಕಳಿದ್ದರೆ ತಂದೆತಾಯಿಯ ಸಹಿ ಬೇಕು, ಮಗುವಿನ ಮನಸ್ಸನ್ನೂ ಕೇಳಬೇಕು. ಬಾಲನ್ಯಾಯ ಕಾಯ್ದೆಯಡಿ ರಕ್ಷಣೆಯಲ್ಲಿರುವ ಮಕ್ಕಳ ಗುರುತು ಹೊರಬೀಳುವಂತೆ ಏನನ್ನೂ ತೋರಿಸುವ ಹಾಗಿಲ್ಲ. ಮುಖ ಮಬ್ಬಾಗಿಸಿ ಶಾಲೆಯ ಬೋರ್ಡು ಹಾಗೇ ಬಿಟ್ಟರೂ ಅದು ತಪ್ಪೇ. ಕಾಳಿ ಹುಲಿ ಸಂರಕ್ಷಿತ ಪ್ರದೇಶದೊಳಗೆ ಕ್ಯಾಮೆರಾ ಇಡಬೇಕಾದರೆ ಅರಣ್ಯ ಇಲಾಖೆಯ ಅನುಮತಿ ಮೊದಲೇ ಬೇಕು. ಡ್ರೋನು ಮನೆಯಲ್ಲಿರಲಿ. ಕೈಗಾ ಅಣುವಿದ್ಯುತ್ ಸ್ಥಾವರ, ಕದಂಬ ನೌಕಾನೆಲೆ ಎರಡೂ ಅದೇ ಜಿಲ್ಲೆಯಲ್ಲಿವೆ, ಯಾರಾದರೂ ಪ್ರಶ್ನಿಸಿದರೆ ನಿನ್ನ ಎರಡು ದಿನ ಠಾಣೆಯಲ್ಲೇ ಕಳೆದೀತು. ಅಷ್ಟಕ್ಕೂ ಮೇಲಿನಿಂದ ನೋಡಿದರೆ ಎಲ್ಲ ಹಳ್ಳಿಯೂ ಒಂದೇ ತರಹ.

ಬೆಳಕಿನ ಬಗ್ಗೆ ಒಂದು ಮಾತು ಗಟ್ಟಿಯಾಗಿ ಹೇಳಬೇಕು, ಯಾಕೆಂದರೆ ಅದು ಪಠ್ಯಪುಸ್ತಕದಲ್ಲಿ ತಪ್ಪಾಗಿದೆ. ಮುಖವನ್ನು, 0 ಕಪ್ಪು, 100 ಬಿಳಿ ಎಂಬ ವಿಡಿಯೊ ಬೆಳಕಿನ ಅಳತೆಯಲ್ಲಿ, 70 ಐಆರ್‌ಇಗೆ ಇಡಬೇಕು ಎಂಬ ಲೆಕ್ಕ ಬಿಳಿ ಚರ್ಮವನ್ನು ಮನಸ್ಸಿನಲ್ಲಿಟ್ಟುಕೊಂಡು ಹೇಳಿದ್ದು. ಕೊಡಾಕ್ ಕಂಪನಿ ಪ್ರಿಂಟಿನ ಬಣ್ಣ ಹೊಂದಿಸಲು ಲ್ಯಾಬುಗಳಿಗೆ ಕಳಿಸುತ್ತಿದ್ದ ಮಾದರಿ ಕಾರ್ಡಿನಲ್ಲಿ ದಶಕಗಳ ಕಾಲ ಇದ್ದದ್ದು ಬಿಳಿ ಹೆಂಗಸಿನ ಮುಖ. ಉಳಿದವರ ಚರ್ಮ ಹೇಗೆ ಕಾಣುತ್ತದೆ ಎಂಬ ಚಿಂತೆ ಬಹಳ ತಡವಾಗಿ ಬಂತು. ಗಾಢ ಬಣ್ಣದ ಮುಖ 40ರಿಂದ 50ರ ಆಸುಪಾಸಿನಲ್ಲಿ ಸಹಜವಾಗಿ ಕಾಣುತ್ತದೆ. 70ಕ್ಕೆ ಎಳೆದರೆ ಬೂದಿ ಬಳಿದಂತಾಗುತ್ತದೆ. ಆಟೋ ಇಟ್ಟರೆ ಇನ್ನೂ ಕೆಟ್ಟದು: ಸುಣ್ಣ ಬಳಿದ ಗೋಡೆಯ ಮುಂದೆ ಕೂರಿಸಿದಾಗ ಕ್ಯಾಮೆರಾ ಗೋಡೆಯನ್ನು ನೋಡಿ ಬೆಳಕು ತಗ್ಗಿಸುತ್ತದೆ, ಮುಖ ಕಪ್ಪು ಗುರುತಾಗುತ್ತದೆ, ಅಡುಗೆಮನೆಯ ಕತ್ತಲಿನಲ್ಲಿ ಬೆಳಕು ಏರಿಸಿ ಇಡೀ ಚಿತ್ರಕ್ಕೆ ಕಾಳು ಕಾಳು ತುಂಬುತ್ತದೆ. ಎಕ್ಸ್‌ಪೋಷರನ್ನು ಕೈಯಿಂದಲೇ ಇಡು, ಗೊತ್ತುಮಾಡಿದ ಮಟ್ಟದ ಬೆಳಕಿರುವಲ್ಲಿ ಪರದೆಯ ಮೇಲೆ ಪಟ್ಟೆ ತೋರಿಸುವ ಜೀಬ್ರಾವನ್ನು 50ಕ್ಕೆ ಹೊಂದಿಸಿಕೊಂಡು ಕೆನ್ನೆಯ ಮೇಲೆ ನೋಡು. ಇಂಥ ಚರ್ಮದ ಚಂದ ಅದರ ಮೇಲೆ ಹೊಳೆಯುವ ಬೆಳಕಿನ ಅಂಚಿನಲ್ಲಿದೆ. ಬಾಗಿಲಿನಿಂದ ಎರಡಡಿ ಒಳಗೆ, ಮುಖ ಅರ್ಧ ಬಾಗಿಲ ಕಡೆ ತಿರುಗುವಂತೆ ಕೂರಿಸಿದರೆ ಹಣೆ, ಕೆನ್ನೆಮೂಳೆ, ಮೂಗಿನ ಮೇಲೆ ಆ ಹೊಳಪು ತಾನಾಗಿ ಬರುತ್ತದೆ. ಇನ್ನೊಂದು ಬದಿಗೆ ಬಿಳಿ ಪಂಚೆ ಹಿಡಿದರೆ ಸಾಕು, ಎಲ್‌ಇಡಿ ದೀಪ ಬೇಡ. ಹಿಂದೆ ಮಣ್ಣಿನ ಗೋಡೆಯೋ ಕೌದಿಯೋ ಇರಲಿ, ಬಿಳಿ ಗೋಡೆ ಬೇಡ. ನಮ್ಮಲ್ಲಿ ಕರೆಂಟು 50 ಹರ್ಟ್ಸ್, ಆದ್ದರಿಂದ 25 ಫ್ರೇಮು, ಶಟರ್ 1/50. ಹೊರದೇಶದಿಂದ ಬಂದ ಕ್ಯಾಮೆರಾ 30 ಫ್ರೇಮು, 1/60ರಲ್ಲೇ ಉಳಿದಿದ್ದರೆ ಟ್ಯೂಬ್‌ಲೈಟಿನ ಕೆಳಗೆ ತೆಗೆದದ್ದೆಲ್ಲ ಮಿಣುಕುತ್ತದೆ, ಎಡಿಟಿಂಗ್‌ನಲ್ಲಿ ಅದು ಪೂರ್ತಿ ಹೋಗುವುದಿಲ್ಲ.

ಧ್ವನಿಯಲ್ಲಿ ಕೆಡುವುದೆಲ್ಲ ಸಣ್ಣ ಸಣ್ಣದರಿಂದ. ಕಾಲರ್ ಮೈಕನ್ನು ಗದ್ದದಿಂದ ಒಂದು ಗೇಣು ಕೆಳಗೆ ಸಿಕ್ಕಿಸುತ್ತೀ. ಸೀರೆ ಉಟ್ಟವರಲ್ಲಿ ಸರಿಯಾಗಿ ಅಲ್ಲಿಗೇ ಕರಿಮಣಿ ಸರ ಬರುತ್ತದೆ, ಕತ್ತು ತಿರುಗಿಸಿದಾಗಲೆಲ್ಲ ಮಣಿ ಮೈಕಿಗೆ ತಾಗಿ ಟಿಕ್ ಟಿಕ್ ಎನ್ನುತ್ತದೆ. ಸರ ತೆಗೆಯಿರಿ ಎಂದು ಮಾತ್ರ ಹೇಳಬೇಡ. ಮೈಕನ್ನು ಸೆರಗಿನ ಅಂಚಿಗೆ, ಹೆಗಲ ಕಡೆಗೆ ಸರಿಸು, ವೈರನ್ನು ಒಂದು ಸುತ್ತು ಸುತ್ತಿ ಟೇಪು ಹಚ್ಚು. ರೆಕಾರ್ಡಿಂಗ್ ಸೆಟ್ಟಿಂಗ್ 48 ಕಿಲೋಹರ್ಟ್ಸ್, 24 ಬಿಟ್ ಇರಲಿ. ಮಾತಿನ ಏರು ಮೈನಸ್ 12 ಡೆಸಿಬಲ್ ದಾಟದಿರಲಿ, ಜೋರಾಗಿ ನಕ್ಕರೂ ಒಡೆಯುವುದಿಲ್ಲ. ತಗಡಿನ ಮಾಡಿನ ಮೇಲೆ ಮಳೆ ಬಿದ್ದರೆ ಸಂದರ್ಶನ ನಿಲ್ಲಿಸಿ ಮಳೆಯನ್ನೇ ರೆಕಾರ್ಡ್ ಮಾಡಿಕೋ. ಸಂಜೆ ಆರೂವರೆಗೆ ಜೀರುಂಡೆ ಶುರುವಾಗುತ್ತದೆ. ಆರಕ್ಕೆ ಆಡಿದ ಮಾತನ್ನೂ ಏಳಕ್ಕೆ ಆಡಿದ ಮಾತನ್ನೂ ಜೋಡಿಸಿದರೆ ಕಟ್ ಆದ ಜಾಗ ಕಿವಿಗೆ ಹೊಡೆಯುತ್ತದೆ. ಅದಕ್ಕೇ ಪ್ರತಿ ಜಾಗದಲ್ಲೂ ಎಲ್ಲರೂ ಸುಮ್ಮನಿದ್ದು ಒಂದು ನಿಮಿಷದ ಖಾಲಿ ಸದ್ದು ತೆಗೆದಿಟ್ಟುಕೊಳ್ಳುವುದು.

ಮಳೆಗಾಲದಲ್ಲಿ ಆ ಸೀಮೆಯಲ್ಲಿ ಲೆನ್ಸಿಗೆ ಬೂಷ್ಟು ಹಿಡಿಯುತ್ತದೆ. ಗಾಳಿ ಆಡದ ಪ್ಲಾಸ್ಟಿಕ್ ಡಬ್ಬ, ಸಿಲಿಕಾ ಜೆಲ್, ಒಂದು ಅಗ್ಗದ ತೇವಮಾಪಕ ಸಾಕು. 40ರಿಂದ 50 ಶೇಕಡಾ ನಡುವೆ ಇರಲಿ. ಜೆಲ್ಲಿನ ಬಣ್ಣ ಬದಲಾದರೆ ಒಣ ಬಾಣಲೆಯಲ್ಲಿ ಸಣ್ಣ ಉರಿಯಲ್ಲಿ ಹುರಿದು ಮತ್ತೆ ಹಾಕು. 100 ಮೆಗಾಬಿಟ್‌ನ 4ಕೆ ಒಂದು ಗಂಟೆಗೆ 45 ಜಿಬಿ ತಿನ್ನುತ್ತದೆ. ಅರವತ್ತು ಗಂಟೆಗೆ 2.7 ಟಿಬಿ, ಮೂರು ಪ್ರತಿಗೆ ಎಂಟು ಟಿಬಿಗಿಂತ ಹೆಚ್ಚು. ಎರಡು ಡಿಸ್ಕಿಗೆ ಕಾಪಿಯಾಗಿ, ತೆರೆದು ನೋಡಿ, ಆಮೇಲೆಯೇ ಕಾರ್ಡು ಅಳಿಸು. ಎರಡು ಡಿಸ್ಕನ್ನೂ ಒಂದೇ ಚೀಲದಲ್ಲಿಟ್ಟುಕೊಂಡು ಬಸ್ಸು ಹತ್ತಬೇಡ.

ಇನ್ನು ಭಾಷಾಂತರ. ಒಂದು ಜನರ ಮಾತನ್ನು ಇನ್ನೊಂದು ಜನರಿಗೆ ಮುಟ್ಟಿಸುವ ಚಿತ್ರ ನಿಲ್ಲುವುದೂ ಬೀಳುವುದೂ ಇಲ್ಲಿಯೇ, ಆದರೆ ಬಜೆಟ್ಟಿನಲ್ಲಿ ಇದಕ್ಕೆ ಕೊನೆಯ ಸಾಲು. ಒಂದು ಗಂಟೆಯ ಮಾತನ್ನು ಬರೆದಿಳಿಸಲು ನಾಲ್ಕರಿಂದ ಆರು ಗಂಟೆ ಬೇಕು. ಮನೆಮಾತಿನಿಂದ ಕನ್ನಡಕ್ಕೆ, ಅಲ್ಲಿಂದ ಇಂಗ್ಲಿಷಿಗೆ ಹೋಗುವುದಾದರೆ ಅದರ ಎರಡರಷ್ಟು ಇಟ್ಟುಕೋ. ಕೆಲಸ ಹೀಗೆ ಮಾಡಿಸು: ಆ ಭಾಷೆಯವರು ಕಿವಿಗೆ ಬಿದ್ದದ್ದನ್ನು ಬಿದ್ದಂತೆ ಕನ್ನಡ ಲಿಪಿಯಲ್ಲಿ ಬರೆಯಲಿ, ಪಕ್ಕದ ಅಂಕಣದಲ್ಲಿ ಕನ್ನಡ ಅರ್ಥ, ಮೂರನೆಯದರಲ್ಲಿ ಆ ಮಾತು ಯಾವ ನಿಮಿಷ, ಸೆಕೆಂಡಿನಲ್ಲಿದೆ ಎಂಬ ಟೈಮ್‌ಕೋಡ್, ನಾಲ್ಕನೆಯದರಲ್ಲಿ ಹೇಗೆ ಹೇಳಿದರು ಎಂಬ ಟಿಪ್ಪಣಿ: ನಗುತ್ತ, ವ್ಯಂಗ್ಯವಾಗಿ, ಮಗುವಿಗೆ ಗದರುತ್ತ. ಈ ನಾಲ್ಕನೆಯ ಅಂಕಣ ಇಲ್ಲದಿದ್ದರೆ ಎಡಿಟರು ವ್ಯಂಗ್ಯವನ್ನು ದುಃಖವೆಂದು ತಿಳಿದು ಅದರ ಕೆಳಗೆ ಕೊಳಲು ಹಾಕುತ್ತಾನೆ. ಟೈಪು ಮಾಡುವವರಿಗೆ ಯೂನಿಕೋಡ್‌ನಲ್ಲೇ ಮಾಡಿ ಎಂದು ಮೊದಲೇ ಹೇಳು. ಹಳೆಯ ನುಡಿ, ಬರಹ ಫಾಂಟುಗಳಲ್ಲಿ ಮಾಡಿ ಕೊಟ್ಟರೆ ಎಡಿಟಿಂಗ್ ಸಾಫ್ಟ್‌ವೇರಿಗೆ ಹಾಕಿದೊಡನೆ ಅಕ್ಷರವೆಲ್ಲ ಇಂಗ್ಲಿಷ್ ಚಿಹ್ನೆಗಳ ಕಸವಾಗುತ್ತದೆ, ಹುಡುಕಲೂ ಬರುವುದಿಲ್ಲ.

ಸಬ್‌ಟೈಟಲ್ ಎರಡು ಸಾಲು ಮೀರಬಾರದು. ಇಂಗ್ಲಿಷಿನಲ್ಲಿ ಸಾಲಿಗೆ 42 ಅಕ್ಷರ, ಸೆಕೆಂಡಿಗೆ 17 ಅಕ್ಷರದ ಓದು, ಹೆಚ್ಚೆಂದರೆ ಏಳು ಸೆಕೆಂಡು. ಅಂದರೆ ಆಡಿದ ಮಾತಿನಲ್ಲಿ ಒಂದಷ್ಟು ಬಿಡಲೇಬೇಕು. ಏನನ್ನು ಬಿಡುವುದು ಎಂದು ತೀರ್ಮಾನಿಸುವಾಗ ಭಾಷೆ ಬಲ್ಲವರು ನಿನ್ನ ಪಕ್ಕದಲ್ಲಿರಬೇಕು, ಫೋನಿನಲ್ಲಿ ಸಾಲದು. ಸಂಬಂಧಸೂಚಕ ಪದಗಳನ್ನು ಕೈಬಿಡಬೇಡ, ಯಾರು ಯಾರಿಗೆ ಏನಾಗಬೇಕು ಎಂಬುದು ಹೋದರೆ ಅರ್ಧ ಕಥೆ ಹೋಯಿತು. ಹಳ್ಳಿಯವರ ಮಾತಿಗೆ ಒಡೆದ ಇಂಗ್ಲಿಷ್ ಹಾಕಿ ಅಧಿಕಾರಿಯ ಮಾತಿಗೆ ಶುದ್ಧ ಇಂಗ್ಲಿಷ್ ಹಾಕುವವರಿದ್ದಾರೆ, ಅದು ಅವಮಾನ. ಧಾರವಾಡದ ಅಧಿಕಾರಿಯ ಕನ್ನಡಕ್ಕೆ ಸಬ್‌ಟೈಟಲ್ ಇಲ್ಲದೆ, ಅಷ್ಟೇ ಸ್ಪಷ್ಟವಾದ ಸಿದ್ದಿ ಅಜ್ಜಿಯ ಕನ್ನಡಕ್ಕೆ ಮಾತ್ರ ಕನ್ನಡ ಸಬ್‌ಟೈಟಲ್ ಹಾಕುವುದೂ ಹಾಗೆಯೇ. ಕನ್ನಡ ಸಬ್‌ಟೈಟಲಿನಲ್ಲಿ ಸಾಲುಗಳ ನಡುವೆ ಹೆಚ್ಚು ಜಾಗ ಬಿಡು, ಮೇಲಿನ ಸಾಲಿನ ಒತ್ತಕ್ಷರ ಕೆಳಗಿನ ಸಾಲಿನ ಗುಡಿಸಿಗೆ ತಾಗಿ ಓದಲಾಗದಂತೆ ಆಗುತ್ತದೆ. ಒತ್ತಕ್ಷರ ಪಕ್ಕಕ್ಕೆ ಒಡೆದು ಬಿದ್ದರೆ ಸಾಫ್ಟ್‌ವೇರಿನ ಸೆಟ್ಟಿಂಗ್‌ನಲ್ಲಿ ದಕ್ಷಿಣ ಏಷ್ಯಾ ಲಿಪಿಯ ಆಯ್ಕೆ ಆನ್ ಆಗಿದೆಯೇ ಎಂದು ಮೊದಲು ನೋಡು. ಮುಗಿದ ಮೇಲೆ ಆ ಭಾಷೆ ಗೊತ್ತಿಲ್ಲದ ಒಬ್ಬರನ್ನು, ಗೊತ್ತಿರುವ ಒಬ್ಬರನ್ನು ಒಟ್ಟಿಗೆ ಕೂರಿಸಿ ತೋರಿಸು. ಇಬ್ಬರೂ ಒಂದೇ ಜಾಗದಲ್ಲಿ ನಗದಿದ್ದರೆ ಆ ಸಾಲು ಮತ್ತೆ ಬರೆ.

ಪಾಠದ ವಿಷಯಕ್ಕೆ ಬರೋಣ. ಬೇರೆ ಜನರ ನಡುವೆ ಚಿತ್ರ ಮಾಡುವುದಕ್ಕೂ ತರಗತಿಗೂ ನಾನು ಹೆಚ್ಚು ಭೇದ ಕಾಣೆ. 1966ರಲ್ಲಿ ಅಮೆರಿಕದ ಅರಿಜೋನಾದ ಪೈನ್ ಸ್ಪ್ರಿಂಗ್ಸ್‌ನಲ್ಲಿ ಸಾಲ್ ವರ್ತ್, ಜಾನ್ ಅಡೇರ್ ಎಂಬಿಬ್ಬರು ನವಾಹೋ ಎಂಬ ಮೂಲನಿವಾಸಿ ಜನರಿಗೆ 16 ಎಂಎಂ ಕ್ಯಾಮೆರಾ ಕಲಿಸಲು ಹೋದಾಗ ಊರಿನ ಹಿರಿಯ ಸ್ಯಾಮ್ ಯಾಜಿ ಮೊದಲು ಕೇಳಿದ್ದು, ಇದರಿಂದ ಕುರಿಗಳಿಗೆ ಕೇಡಿದೆಯೇ ಎಂದು. ಇಲ್ಲ ಎಂದಾಗ, ಒಳ್ಳೆಯದಾಗುತ್ತದೆಯೇ ಎಂದ. ಅದಕ್ಕೂ ಇಲ್ಲ ಎನ್ನಬೇಕಾಯಿತು. ಹಾಗಾದರೆ ಯಾಕೆ ಮಾಡುವುದು ಎಂದನಂತೆ. ಆ ಇಬ್ಬರು ಯಂತ್ರ ಹಿಡಿಯುವುದನ್ನು ಕಲಿಸಿ, ಹೀಗೇ ತೆಗೆಯಬೇಕು ಎಂಬ ವ್ಯಾಕರಣವನ್ನು ಆದಷ್ಟು ಕಲಿಸದೆ ಉಳಿದರು. ಬಂದ ಚಿತ್ರಗಳಲ್ಲಿ ಜನ ದೂರದೂರ ನಡೆಯುತ್ತಲೇ ಇರುತ್ತಾರೆ, ಮುಖದ ಕ್ಲೋಸ್‌ಅಪ್ ಕಡಿಮೆ. ನಮ್ಮ ಕಣ್ಣಿಗೆ ಕತ್ತರಿಸಬೇಕಾದ ನಡಿಗೆ ಅವರ ಕಥೆಯ ಜೀವ. ಹುಬ್ಬಳ್ಳಿಯ ಹುಡುಗ ತನ್ನ ಚಿತ್ರದಲ್ಲಿ ಏನನ್ನೋ ಉದ್ದ ಮಾಡಿದ್ದರೆ ಕತ್ತರಿಸು ಎನ್ನುವ ಮುಂಚೆ ಯಾಕೆ ಉದ್ದವಿದೆ ಎಂದು ಕೇಳು.

ಎರಡು ಕ್ರೆಡಿಟ್ಟಿನ ಪ್ರಾಯೋಗಿಕ ಪತ್ರಿಕೆಯೆಂದರೆ 60 ಗಂಟೆ, ಹದಿನೈದು ವಾರಕ್ಕೆ ಹರಡಿದರೆ ವಾರಕ್ಕೆ ನಾಲ್ಕು. ಇಪ್ಪತ್ತನಾಲ್ಕು ಮಕ್ಕಳಿದ್ದರೆ ನಾಲ್ಕರಂತೆ ಆರು ಗುಂಪು. ಕ್ಯಾಮೆರಾ, ಧ್ವನಿ, ಪ್ರಶ್ನೆ, ಲಾಗ್ (ಯಾವ ಶಾಟಿನಲ್ಲಿ ಏನಿದೆ ಎಂಬ ಪಟ್ಟಿ) ನಾಲ್ಕೂ ಪ್ರತಿ ಅಭ್ಯಾಸಕ್ಕೆ ಕೈ ಬದಲಾಗಲಿ. ಇಲ್ಲದಿದ್ದರೆ ಕ್ಯಾಮೆರಾ ಹುಡುಗರ ಕೈಯಲ್ಲೇ ಉಳಿಯುತ್ತದೆ, ಹುಡುಗಿಯರು ಲಾಗ್ ಬರೆಯುತ್ತ ಡಿಗ್ರಿ ಮುಗಿಸುತ್ತಾರೆ. ಮೊದಲ ಎರಡು ವಾರ ಟ್ರೈಪಾಡಿನ ಮೇಲೆ ಒಂದು ನಿಮಿಷದ ಅಲುಗಾಡದ ಒಂದೇ ಶಾಟ್, ಜೂಮಿಲ್ಲ, ಕಟ್ಟಿಲ್ಲ. ಆಮೇಲೆ ಚಿತ್ರವೇ ಇಲ್ಲದ ಮೂರು ನಿಮಿಷದ ಧ್ವನಿ. ಆಮೇಲೆ ಕೈಕೆಲಸ: ಪೇಢಾ ಮಾಡುವುದೋ, ಕೌದಿ ಹೊಲಿಯುವುದೋ, ಸೈಕಲ್ ಪಂಕ್ಚರ್ ಹಾಕುವುದೋ, ಮಾತಿಲ್ಲದೆ ನಾಲ್ಕು ನಿಮಿಷ. ನೋಡಿದವರು ಆ ಕೆಲಸವನ್ನು ಕ್ರಮತಪ್ಪದೆ ಹೇಳಲು ಬಂದರೆ ಅಂಕ. ಇಲ್ಲಿ ಮಕ್ಕಳು ಎಡವುವುದು ಕೈ ತೆಗೆದು ಮುಖ ಬಿಡುವುದರಲ್ಲಿ, ಅಥವಾ ಕೆಲಸದ ಕೊನೆಯ ಹಂತಕ್ಕೆ ಬ್ಯಾಟರಿ ಖಾಲಿಯಾಗುವುದರಲ್ಲಿ. ಆರನೆಯ ವಾರದಿಂದ ಸಂದರ್ಶನ.

ನಿನ್ನ ತರಗತಿಯಲ್ಲಿ ಮನೆಯಲ್ಲಿ ಲಂಬಾಣಿ, ಉರ್ದು, ಕೊಂಕಣಿ, ಮರಾಠಿ ಆಡುವ ಮಕ್ಕಳು ಖಂಡಿತ ಇರುತ್ತಾರೆ. ಇಂಗ್ಲಿಷ್ ಮೀಡಿಯಮ್ಮಿನ ಮಕ್ಕಳ ಮುಂದೆ ಅವರು ಬಾಯಿ ಬಿಡುವುದಿಲ್ಲ. ಪ್ರತಿ ಗುಂಪಿನಲ್ಲೂ ಒಬ್ಬರ ಮನೆಮಾತಿನಲ್ಲಿ ಮೂರು ನಿಮಿಷದ ಸಂದರ್ಶನ ತೆಗೆಸಿ, ಆ ಭಾಷೆ ಗೊತ್ತಿಲ್ಲದವರೇ ಅವರನ್ನು ಕೇಳಿಕೊಂಡು ಸಬ್‌ಟೈಟಲ್ ಬರೆಯುವ ಅಭ್ಯಾಸ ಕೊಡು. ಒಂದೇ ವಾರದಲ್ಲಿ ತರಗತಿಯ ಮೇಲು ಕೀಳು ತಿರುಗುತ್ತದೆ. ಹೊರದೇಶದ ವಿದ್ಯಾರ್ಥಿಗಳು ವಿನಿಮಯಕ್ಕೆ ಬಂದರೂ ಇದೇ ಅಭ್ಯಾಸ ಸಾಕು. ಆದರೆ ಅವರನ್ನು ಬೈಲಕುಪ್ಪೆಯ ಟಿಬೆಟಿಯನ್ನರ ನೆಲೆಗೆ ಕರೆದೊಯ್ಯುವ ಯೋಚನೆ ಇದ್ದರೆ, ಅಲ್ಲಿ ತಂಗಲು ವಿದೇಶಿಯರಿಗೆ ಸಂರಕ್ಷಿತ ಪ್ರದೇಶದ ಪರವಾನಗಿ ಬೇಕು, ಅರ್ಜಿ ಬಹಳ ಮುಂಚೆಯೇ ಹಾಕಿಸು.

ಕೊನೆಯ ಚಿತ್ರ ಹತ್ತು ನಿಮಿಷ. ಒಟ್ಟು ತೆಗೆಯುವುದು ಮೂರು ಗಂಟೆ ಮೀರುವಂತಿಲ್ಲ ಎಂಬ ಮಿತಿ ಹಾಕು. ಮಿತಿಯಿಲ್ಲದಿದ್ದರೆ ಹನ್ನೆರಡು ಗಂಟೆ ತೆಗೆದು ತರುತ್ತಾರೆ, ತಾವೇ ಒಮ್ಮೆಯೂ ನೋಡಿರುವುದಿಲ್ಲ. ನೂರು ಅಂಕದಲ್ಲಿ ಚಿತ್ರಕ್ಕೆ 40, ಲಾಗಿಗೆ 20, ಕತ್ತರಿಸುವ ಮುಂಚೆ ಜೋಡಣೆಯನ್ನು ಕಾಗದದ ಮೇಲೆ ಬರೆಯುವ ಪೇಪರ್ ಎಡಿಟ್‌ಗೆ 20, ಚಿತ್ರದಲ್ಲಿರುವವರಿಗೆ ತೋರಿಸಿ ಬರೆದುಕೊಂಡು ಬಂದ ಟಿಪ್ಪಣಿಗೆ 20 ಕೊಡು. ಎಲ್ಲ ಅಂಕ ಚಿತ್ರಕ್ಕೇ ಕೊಟ್ಟರೆ ಒಳ್ಳೆ ಕ್ಯಾಮೆರಾ ಇರುವ ಮನೆಯ ಹುಡುಗನಿಗೆ ಮೊದಲ ಸ್ಥಾನ. ಚರ್ಚೆಯಲ್ಲಿ ಮಾಡಿದವರು ಮೊದಲ ಹತ್ತು ನಿಮಿಷ ಮಾತಾಡುವಂತಿಲ್ಲ. ಉಳಿದವರು ಏನು ಕಂಡೆವು, ಏನು ಕೇಳಿದೆವು ಎಂದಷ್ಟೇ ಹೇಳಬೇಕು, ಚೆನ್ನಾಗಿದೆ ಚೆನ್ನಾಗಿಲ್ಲ ಆಮೇಲೆ. ನೀನು ಎಲ್ಲರಿಗಿಂತ ಕೊನೆಗೆ ಬಾಯಿ ತೆರೆ. ಮೇಡಂ ಹೇಳಿದ ಮೇಲೆ ಬೇರೆ ಅಭಿಪ್ರಾಯ ಆ ಕೋಣೆಯಲ್ಲಿ ಹುಟ್ಟುವುದಿಲ್ಲ.

ಕೆಲಸದ ಕರಾರು ಸಹಿ ಮಾಡುವ ಮುಂಚೆ ಎರಡು ವಿಷಯ ನೋಡು. 1957ರ ಹಕ್ಕುಸ್ವಾಮ್ಯ ಕಾಯ್ದೆಯ 17ನೇ ಕಲಮಿನಂತೆ, ಬೇರೆ ಒಪ್ಪಂದ ಇಲ್ಲದಿದ್ದರೆ ಉದ್ಯೋಗದ ಭಾಗವಾಗಿ ಮಾಡಿದ ಕೃತಿಯ ಮೊದಲ ಹಕ್ಕು ಉದ್ಯೋಗದಾತರದ್ದು. ಕಾಲೇಜಿನ ಕ್ಯಾಮೆರಾದಲ್ಲಿ, ಕಾಲೇಜಿನ ವೇಳೆಯಲ್ಲಿ ತೆಗೆದ ಚಿತ್ರ ನಿನ್ನದೇ ಎಂದು ಬರವಣಿಗೆಯಲ್ಲಿ ಪಡೆ. ವಿದ್ಯಾರ್ಥಿಗಳ ಚಿತ್ರ ಯಾರದ್ದು ಎಂಬುದನ್ನೂ ಈಗಲೇ ಬರೆಸು, ಒಂದು ಚಿತ್ರಕ್ಕೆ ಬಹುಮಾನ ಬಂದ ಮೇಲೆ ಯಾರೂ ಸಮಾಧಾನವಾಗಿ ಮಾತಾಡುವುದಿಲ್ಲ. ಎರಡನೆಯದು, ಪಾಠವನ್ನು ವಾರದ ಮೂರು ದಿನಕ್ಕೆ ಕಟ್ಟಿಸಿಕೋ. ದಿನಕ್ಕೆ ಒಂದೊಂದು ಗಂಟೆಯಂತೆ ಆರು ದಿನ ಹರಡಿದರೆ ಯಲ್ಲಾಪುರಕ್ಕೆ ಹೋಗಿಬರಲು ರಜೆಯಷ್ಟೇ ಉಳಿಯುತ್ತದೆ.

ಅತಿಥಿ ಉಪನ್ಯಾಸಕಿಯಾಗಿ ವರ್ಷಗಟ್ಟಲೆ ಕೂರಬೇಡ. ಖಾಯಂ ಕೆಲಸಕ್ಕೆ ಚಿತ್ರಗಳ ಪಟ್ಟಿ ಎಷ್ಟೇ ಉದ್ದವಿದ್ದರೂ ಸ್ನಾತಕೋತ್ತರದಲ್ಲಿ 55 ಶೇಕಡಾ, ಜೊತೆಗೆ ಅಧ್ಯಾಪಕರ ಅರ್ಹತಾ ಪರೀಕ್ಷೆ, ರಾಷ್ಟ್ರಮಟ್ಟದ ನೆಟ್ ಅಥವಾ ರಾಜ್ಯದ ಕೆಸೆಟ್, ಕೇಳುತ್ತಾರೆ. ಪತ್ರಿಕೋದ್ಯಮ ಮತ್ತು ಸಮೂಹ ಸಂವಹನ ವಿಷಯದಲ್ಲಿ ಈ ವರ್ಷವೇ ಬರೆದು ಮುಗಿಸು. 2022ರಲ್ಲಿ ಯುಜಿಸಿ (ವಿಶ್ವವಿದ್ಯಾಲಯ ಅನುದಾನ ಆಯೋಗ) ತಂದ ‘ಪ್ರೊಫೆಸರ್ ಆಫ್ ಪ್ರಾಕ್ಟೀಸ್’ ಹುದ್ದೆಗೆ ನೆಟ್ ಬೇಡ, ಆದರೆ ಹದಿನೈದು ವರ್ಷದ ಅನುಭವ ಬೇಕು, ಅವಧಿಯೂ ಮೂರು ವರ್ಷ, ವಿಶೇಷ ಸಂದರ್ಭದಲ್ಲಿ ನಾಲ್ಕು. ಅಮೆರಿಕದ ಕಡೆ ಹೋಗುವ ಮನಸ್ಸಿದ್ದರೆ ಅಲ್ಲಿ ಚಿತ್ರ ಕಲಿಸಲು ಲಲಿತಕಲೆಯ ಸ್ನಾತಕೋತ್ತರವಾದ ಎಂಎಫ್‌ಎ ಪದವಿಯನ್ನೇ ಆ ಕ್ಷೇತ್ರದ ಅತ್ಯುನ್ನತ ಪದವಿಯಾಗಿ ಒಪ್ಪುತ್ತಾರೆ, ಫುಲ್‌ಬ್ರೈಟ್-ನೆಹರೂ ವೇತನಗಳಿವೆ. ಹೊರಗಿನವರು ಬಂದು ಇಲ್ಲಿ ಕಲಿಸಿದ್ದೂ ಉಂಟು: ದೆಹಲಿಯ ಜಾಮಿಯಾದಲ್ಲಿ 1982ರಲ್ಲಿ ಶುರುವಾದ ಸಮೂಹ ಸಂವಹನ ಕೇಂದ್ರವನ್ನು ಕಟ್ಟುವುದರಲ್ಲಿ ಕೆನಡಾದ ಸಾಕ್ಷ್ಯಚಿತ್ರಕಾರ ಜೇಮ್ಸ್ ಬೆವರಿಜ್ ಅವರ ಕೈಯಿತ್ತು.

ಪ್ರದರ್ಶನದ ಬಗ್ಗೆ ಚಿಕ್ಕದಾಗಿ ಹೇಳಿ ಮುಗಿಸುತ್ತೇನೆ. ಸಾರ್ವಜನಿಕವಾಗಿ ತೋರಿಸಲು ಸೆನ್ಸಾರ್ ಪ್ರಮಾಣಪತ್ರ ಬೇಕು. ಫೆಸ್ಟಿವಲ್ ನಡೆಸುವವರು ತಮ್ಮ ಪಟ್ಟಿಗೆ ಕೇಂದ್ರದ ವಾರ್ತಾ ಮತ್ತು ಪ್ರಸಾರ ಸಚಿವಾಲಯದಿಂದ ವಿನಾಯಿತಿ ಪಡೆಯುತ್ತಾರೆ. ಮುಂಬೈ, ತಿರುವನಂತಪುರದ ಸಾಕ್ಷ್ಯಚಿತ್ರೋತ್ಸವಗಳಿಗೆ ಮೊದಲು ಕಳಿಸು. ಹಣಕ್ಕೆ ಬೆಂಗಳೂರಿನ ಇಂಡಿಯಾ ಫೌಂಡೇಶನ್ ಫಾರ್ ದಿ ಆರ್ಟ್ಸ್‌ಗೆ ಅರ್ಜಿ ಹಾಕಬಹುದು, ಭಾರತೀಯ ಭಾಷೆಗಳಲ್ಲೂ ಬರೆಯಬಹುದು. ಅರ್ಜಿಯ ಬಜೆಟ್ಟಿನಲ್ಲಿ ಬರೆದಿಳಿಸುವ ಖರ್ಚು, ಮೂರು ಪ್ರದರ್ಶನದ ಖರ್ಚು, ತಪ್ಪಿದ ಕೂಲಿ ಇವಕ್ಕೆ ಬೇರೆ ಬೇರೆ ಸಾಲು ಹಾಕು. ‘ಇತರೆ’ ಎಂದು ಸೇರಿಸಿದರೆ ಮೊದಲು ಕತ್ತರಿ ಬೀಳುವುದು ಅದಕ್ಕೇ.

ಒಪ್ಪಿಗೆ ಪತ್ರದ ಕರಡು, ಬಜೆಟ್ಟು ಎರಡನ್ನೂ ಕಳಿಸು, ತಿದ್ದಿ ಕೊಡುತ್ತೇನೆ. ಕಾಲೇಜಿನ ಕರಾರನ್ನು ನನಗೆ ತೋರಿಸದೆ ಸಹಿ ಮಾಡಬೇಡ. ಅತ್ತಿಗೆಗೆ ನಮಸ್ಕಾರ ತಿಳಿಸು.

ಇಂತಿ,
ನಿನ್ನ ಅತ್ತೆ